ಗಾಜಿನ ಆಚೆಗೊಂದು ಮುತ್ತು

ಹಿಮ ಬೀಳುತ್ತಿದೆ. ಹುಡುಗಿಯ ಮನೆಯಿಂದ ಹೊರಟ ಹುಡುಗ ನಾಲ್ಕು ಹೆಜ್ಜೆ ಹಾಕಿ ತಿರುಗಿ ನೋಡುತ್ತಾನೆ. ಅವಳು ಕಿಟಕಿಯ ಒಳಗೆ ನಿಂತಿದ್ದಾಳೆ. ಅವನು ಮರಳಿ ಬರುತ್ತಾನೆ. ಬಾಗಿಲು ತೆರೆಯುವುದಿಲ್ಲ, ಕಿಟಕಿಯೂ ತೆರೆಯುವುದಿಲ್ಲ. ಗಾಜಿನ ಈ ಬದಿಗೆ ಅವನ ತುಟಿ, ಆ ಬದಿಗೆ ಅವಳ ತುಟಿ. ನಡುವೆ ತಣ್ಣಗಿನ ಗಾಜು.

1950ರಲ್ಲಿ ತದಾಶಿ ಇಮಾಯಿ ಮಾಡಿದ ಈ ಚಿತ್ರದ ಹೆಸರು ‘ಮತಾ ಅವು ಹಿ ಮಾದೆ’, ಎಂದರೆ ‘ಮತ್ತೆ ಕಾಣುವ ದಿನದವರೆಗೆ’. ಹುಡುಗನಾಗಿ ಎಯಿಜಿ ಒಕಾದಾ, ಹುಡುಗಿಯಾಗಿ ಯೊಶಿಕೊ ಕುಗಾ. ಯುದ್ಧ ಇನ್ನೂ ಮುಗಿಯದ ದಿನಗಳ ಕಥೆ. ಹುಡುಗ ಇಂದಲ್ಲ ನಾಳೆ ಸೈನ್ಯಕ್ಕೆ ಹೋಗಲೇಬೇಕಾದವನು. ಅವನಿಗಾಗಿ ರೈಲು ನಿಲ್ದಾಣದಲ್ಲಿ ಕಾಯುತ್ತಿರುವಾಗ ವಿಮಾನದಾಳಿಗೆ ಸಿಕ್ಕಿ ಅವಳು ಸಾಯುತ್ತಾಳೆ. ಅದು ಗೊತ್ತಿಲ್ಲದೆ ಅವನು ಹೊರಡುತ್ತಾನೆ, ತಾನೂ ಹಿಂದಿರುಗುವುದಿಲ್ಲ. ಆ ವರ್ಷ ‘ಕಿನೆಮಾ ಜುಂಪೊ’ ಪತ್ರಿಕೆಯ ವಿಮರ್ಶಕರು ಇದನ್ನೇ ಜಪಾನಿನ ಅತ್ಯುತ್ತಮ ಚಿತ್ರವೆಂದು ಆರಿಸಿದರು. ಆದರೆ ಜನರ ಮನಸ್ಸಿನಲ್ಲಿ ಉಳಿದದ್ದು ಆ ಗಾಜು.

ಅದಕ್ಕೆ ನಾಲ್ಕು ವರ್ಷ ಹಿಂದೆ, 1946ರ ಮೇ ತಿಂಗಳಲ್ಲಿ, ಜಪಾನಿ ತೆರೆಯ ಮೇಲೆ ಇನ್ನೊಂದು ಮುತ್ತು ಬಂದಿತ್ತು. ಶೊಚಿಕು ಕಂಪನಿಯ ‘ಹಾತಚಿ ನೊ ಸೇಶುನ್’, ಇಪ್ಪತ್ತರ ಯೌವನ, ಎಂಬ ಚಿತ್ರದಲ್ಲಿ. ಅದಕ್ಕೂ ಮುಂಚಿನ ಜಪಾನಿನಲ್ಲಿ ಹೊರದೇಶದ ಚಿತ್ರಗಳ ಚುಂಬನಕ್ಕೂ ಸೆನ್ಸಾರ್ ಕತ್ತರಿ ಹಾಕುತ್ತಿತ್ತು. ಸೋತ ದೇಶದ ಆಡಳಿತ ಹಿಡಿದ ಅಮೆರಿಕನ್ನರಿಗೆ ಅದು ಸರಿಬರಲಿಲ್ಲ. ಗಂಡು ಹೆಣ್ಣು ಮುಚ್ಚುಮರೆಯಿಲ್ಲದೆ ಪ್ರೀತಿ ತೋರಿಸುವುದೂ ಪ್ರಜಾಪ್ರಭುತ್ವದ ಪಾಠವೆಂದು ಅವರ ಸಿನಿಮಾ ಅಧಿಕಾರಿಗಳು ನಂಬಿದ್ದರು. ಮುತ್ತಿಡಿಸಿ ಎಂದರು, ಸ್ಟುಡಿಯೊಗಳು ಮುತ್ತಿಡಿಸಿದವು. ಚಿತ್ರೀಕರಣದಲ್ಲಿ ನಟ ನಟಿಯರ ತುಟಿಗಳ ನಡುವೆ, ಗಾಯಕ್ಕೆ ಸುತ್ತುವಂಥ ತೆಳುಬಟ್ಟೆಯ ಚೂರೊಂದನ್ನು ಇಟ್ಟಿದ್ದರಂತೆ.

ಬಟ್ಟೆಯ ಚೂರಿನ ಮುತ್ತಿಗೆ ಜನ ಕಿಕ್ಕಿರಿದು ಬಂದರು, ನೋಡಿದರು, ಮರೆತರು. ಗಾಜಿನ ಮುತ್ತನ್ನು ಮರೆಯಲಿಲ್ಲ. ಯಾಕೆ ಎಂದು ನಾನು ಬಹಳ ಸಲ ಯೋಚಿಸಿದ್ದೇನೆ. ಯುದ್ಧದಲ್ಲಿ ಸೈನಿಕರೂ ನಾಗರಿಕರೂ ಸೇರಿ ಸುಮಾರು 31 ಲಕ್ಷ ಜಪಾನೀಯರು ಸತ್ತಿದ್ದರು. 1945ರ ಮಾರ್ಚ್ 10ರ ಒಂದೇ ರಾತ್ರಿ ಟೋಕಿಯೊದಲ್ಲಿ ಬೆಂದುಹೋದವರೇ ಸುಮಾರು 1 ಲಕ್ಷ. ಟಿಕೆಟ್ ಕೊಂಡು ಕತ್ತಲಲ್ಲಿ ಕೂತ ಪ್ರತಿಯೊಬ್ಬರಿಗೂ ಮನೆಯಲ್ಲಿ ಒಬ್ಬರು ಕಡಿಮೆಯಾಗಿದ್ದರು. ಅಂಥವರು ಹೊಸದಾಗಿ ಯಾರನ್ನಾದರೂ ಪ್ರೀತಿಸಲು ಹೊರಟರೆ ಆ ಹೋದವರು ನಡುವೆ ಬಂದು ಕೂರುತ್ತಾರೆ. ಯುದ್ಧದ ನಂತರದ ಇಪ್ಪತ್ತು ವರ್ಷ ಜಪಾನಿನ ದೊಡ್ಡ ನಿರ್ದೇಶಕರು ತೋರಿಸುತ್ತ ಬಂದ ಒಂಟಿತನ ಇದೇ ಎಂದು ನನಗೆ ಅನ್ನಿಸುತ್ತದೆ. ಅವರ ಪಾತ್ರಗಳಿಗೆ ಪ್ರೀತಿಸಲು ಜನ ಇದ್ದಾರೆ. ಎದುರಿಗೇ, ಒಂದೇ ಚಾಪೆಯ ಮೇಲೆ ಇದ್ದಾರೆ. ನಡುವಿನ ಜಾಗ ಮಾತ್ರ ಖಾಲಿಯಿಲ್ಲ.

ಯಾಸುಜಿರೊ ಒಜುವಿನ ‘ಲೇಟ್ ಸ್ಪ್ರಿಂಗ್’ 1949ರದು. ಟೋಕಿಯೊಗೆ ರೈಲಿನಲ್ಲಿ ಹೋಗಿಬರುವಷ್ಟು ದೂರದ ಕಾಮಾಕುರಾ ಊರು. ಹೆಂಡತಿಯನ್ನು ಕಳೆದುಕೊಂಡ ಪ್ರೊಫೆಸರ್ ಮತ್ತು 27 ವರ್ಷದ ಮಗಳು ನೊರಿಕೊ. ಯುದ್ಧಕಾಲದ ಬಲವಂತದ ದುಡಿಮೆಯಲ್ಲಿ ಆರೋಗ್ಯ ಕೆಟ್ಟು ಈಗಷ್ಟೇ ಚೇತರಿಸಿಕೊಂಡವಳು. ಅಪ್ಪನಿಗೆ ಟವೆಲ್ ಕೊಡುವುದು, ಚಹಾ ಇಡುವುದು, ಬಿಚ್ಚಿ ಬಿಸಾಡಿದ ಬಟ್ಟೆ ಎತ್ತಿ ಮಡಿಸುವುದು ಅವಳ ದಿನಚರಿ. ಅದರಲ್ಲಿ ಅವಳು ಎಷ್ಟು ಸುಖಿ ಎಂಬುದನ್ನು ನಟಿ ಸೆತ್ಸುಕೊ ಹಾರಾಳ ನಗು ನೋಡಿಯೇ ತಿಳಿಯಬೇಕು. ಸೋದರತ್ತೆ ಒಂದು ಗಂಡು ಹುಡುಕಿ ತರುತ್ತಾಳೆ. ಹುಡುಗಿ ಒಲ್ಲೆ ಎನ್ನುತ್ತಾಳೆ. ಆಗ ಅಪ್ಪ ತಾನು ಇನ್ನೊಂದು ಮದುವೆಯಾಗುವವನಿದ್ದೇನೆ ಎಂದು ಸುಳ್ಳು ಹೇಳುತ್ತಾನೆ. ಅವಳು ಮತ್ತೆ ಮತ್ತೆ ಕೇಳುತ್ತಾಳೆ, ಅವನು ಪ್ರತಿ ಸಲವೂ ‘ಹೂಂ’ ಎನ್ನುತ್ತಾನೆ. ಅಷ್ಟೇ. ಆ ಹೂಂಗಳಲ್ಲಿ ಮಗಳ ಬದುಕಿನ ದಾರಿ ಬದಲಾಗುತ್ತದೆ.

1947ರಲ್ಲಿ ಜಾರಿಗೆ ಬಂದ ಹೊಸ ಸಂವಿಧಾನದ 24ನೆಯ ವಿಧಿ, ಮದುವೆಗೆ ಹುಡುಗ ಹುಡುಗಿ ಇಬ್ಬರ ಒಪ್ಪಿಗೆಯಷ್ಟೇ ಆಧಾರ ಎಂದಿತ್ತು. ಮನೆಯ ಯಜಮಾನನ ಮಾತೇ ಕಡೆಯ ಮಾತಾಗಿದ್ದ ದೇಶಕ್ಕೆ ಅದು ದೊಡ್ಡ ಬಿಡುಗಡೆ. ಒಜು ಈ ಬಿಡುಗಡೆಯನ್ನು ಅಲ್ಲಗಳೆಯಲಿಲ್ಲ. ಆದರೆ ಇಬ್ಬರು ಒಬ್ಬರನ್ನೊಬ್ಬರು ಬಿಟ್ಟುಕೊಡುವ ಪ್ರೀತಿಗೆ ಯಾವ ವಿಧಿ ಎಂದು ಅವನ ಚಿತ್ರ ಕೇಳುತ್ತದೆ. ಅಪ್ಪ ಮಗಳು ಕೊನೆಯ ಸಲ ಕ್ಯೋಟೊಗೆ ಹೋಗುತ್ತಾರೆ. ರಾತ್ರಿ ಅಕ್ಕಪಕ್ಕದ ಹಾಸಿಗೆಯಲ್ಲಿ ಮಾತಾಡುತ್ತ ಅಪ್ಪನಿಗೆ ನಿದ್ದೆ ಹತ್ತುತ್ತದೆ. ಮಗಳು ಮಾಡು ನೋಡುತ್ತ ಮಲಗಿದ್ದಾಳೆ. ಮುಖದಲ್ಲಿ ಸಣ್ಣ ನಗು. ಆಮೇಲೆ ಮೂಲೆಯಲ್ಲಿಟ್ಟ ಒಂದು ಹೂದಾನಿ ತೆರೆಯ ಮೇಲೆ ಬರುತ್ತದೆ. ಮತ್ತೆ ಅವಳ ಮುಖ ಬರುವಷ್ಟರಲ್ಲಿ ನಗು ಕರಗಿ ಕಣ್ಣು ತುಂಬಿರುತ್ತದೆ. ಈ ಹೂದಾನಿಯ ಅರ್ಥವೇನೆಂದು ಪಂಡಿತರು ಪುಟಗಟ್ಟಲೆ ಬರೆದಿದ್ದಾರೆ. ನನಗೆ ಅದರ ಅಗತ್ಯ ಕಾಣುವುದಿಲ್ಲ. ಅಳು ಉಕ್ಕುವಾಗ ಕಣ್ಣು ಬೇರೆ ಎಲ್ಲಾದರೂ ನೆಡಬೇಕಲ್ಲ, ಅದು ಅಲ್ಲಿತ್ತು.

ಮದುವೆಯನ್ನು ಒಜು ತೋರಿಸುವುದಿಲ್ಲ. ಮದುಮಗನ ಮುಖವನ್ನೂ ನಾವು ಒಮ್ಮೆಯೂ ಕಾಣುವುದಿಲ್ಲ. ಮದುವೆಯ ನಂತರ ಅಪ್ಪ ಒಂದು ಅಂಗಡಿಯಲ್ಲಿ ಮಗಳ ಗೆಳತಿಯ ಜೊತೆ ಕೂತಿದ್ದಾನೆ. ಮದುವೆಯಾಗುವುದಾಗಿ ಹೇಳಿದ್ದು ಸುಳ್ಳು, ಬದುಕಿನಲ್ಲೇ ಹೇಳಿದ ದೊಡ್ಡ ಸುಳ್ಳು ಎಂದು ಒಪ್ಪಿಕೊಳ್ಳುತ್ತಾನೆ. ಆ ಹುಡುಗಿ ತಟ್ಟನೆ ಬಾಗಿ ಅವನ ಹಣೆಗೊಂದು ಮುತ್ತು ಕೊಡುತ್ತಾಳೆ. ಅಮೆರಿಕನ್ನರು ಕೇಳಿದ ಮುತ್ತು ಒಜುವಿನ ಚಿತ್ರಕ್ಕೆ ಬಂದ ಬಗೆ ಇದು.

ಅಲ್ಲಿಂದ ಅವನು ಮನೆಗೆ ಬರುತ್ತಾನೆ. ಮನೆ ಖಾಲಿ. ಕುರ್ಚಿಯಲ್ಲಿ ಕೂತು ಒಂದು ಸೇಬು ತೆಗೆದುಕೊಂಡು ಚಾಕುವಿನಿಂದ ಸಿಪ್ಪೆ ಸುಲಿಯತೊಡಗುತ್ತಾನೆ. ಸಿಪ್ಪೆ ತುಂಡಾಗದೆ ಒಂದೇ ಎಳೆಯಾಗಿ ಉದ್ದಕ್ಕೆ ಇಳಿಯುತ್ತದೆ. ಪೂರ್ತಿ ಬಿಡಿಸಿದ್ದೇ ಕೈ ನಿಲ್ಲುತ್ತದೆ, ತಲೆ ಕೆಳಗೆ ಬಾಗುತ್ತದೆ. ಆಮೇಲೆ ರಾತ್ರಿಯ ಸಮುದ್ರ, ಅಲೆಗಳು. ಇಲ್ಲಿ ಗೊಳೋ ಎಂದು ಅಳಬೇಕು ಎಂದು ಒಜು ಹೇಳಿದನಂತೆ. ಅದು ನನ್ನ ಕೈಲಾಗದು ಎಂದನಂತೆ ನಟ ಚಿಶೂ ರ್ಯೂ. ಒಜು ಒತ್ತಾಯಿಸಲಿಲ್ಲ. ಆ ನಟನಿಗೆ ಆಗ ಇನ್ನೂ 45 ವರ್ಷ. ಅಳಲಾರೆ ಎಂದ ಅವನ ಸಂಕೋಚಕ್ಕೆ ನಾವು ಋಣಿಗಳಾಗಿರಬೇಕು. ಅತ್ತಿದ್ದರೆ ಅವನ ದುಃಖ ಮುಗಿದುಬಿಡುತ್ತಿತ್ತು. ತಲೆ ಬಾಗಿದ್ದರಿಂದ ಅದು ಎಪ್ಪತ್ತು ವರ್ಷ ದಾಟಿದರೂ ಮುಗಿದಿಲ್ಲ.

ನಾಲ್ಕು ವರ್ಷದ ನಂತರ ಇದೇ ರ್ಯೂ, ಇದೇ ಹಾರಾ, ಒಜುವಿನ ‘ಟೋಕಿಯೊ ಸ್ಟೋರಿ’ಯಲ್ಲಿ ಮಾವ ಮತ್ತು ಸೊಸೆ. ಒನೊಮಿಚಿ ಎಂಬ ಕಡಲ ಬದಿಯ ಊರಿನಿಂದ ಮುದುಕ ಮುದುಕಿ ಮಕ್ಕಳನ್ನು ನೋಡಲು ಟೋಕಿಯೊಗೆ ಬರುತ್ತಾರೆ. ಮಗ ಡಾಕ್ಟರು, ಮಗಳು ಬ್ಯೂಟಿ ಪಾರ್ಲರಿನವಳು. ಇಬ್ಬರಿಗೂ ಬಿಡುವಿಲ್ಲ. ಕೆಟ್ಟವರೇನಲ್ಲ, ಅವರವರ ಸಂಸಾರ ಅವರವರಿಗೆ. ಅಪ್ಪ ಅಮ್ಮನನ್ನು ಅತಾಮಿಯ ಬಿಸಿನೀರಿನ ಬುಗ್ಗೆಯ ಊರಿಗೆ ಸಾಗಹಾಕುತ್ತಾರೆ. ಅಲ್ಲಿ ರಾತ್ರಿಯೆಲ್ಲ ಗಲಾಟೆ, ನಿದ್ದೆಯಿಲ್ಲ. ಬೆಳಗ್ಗೆ ಇಬ್ಬರೂ ಕಡಲ ತಡೆಗೋಡೆಯ ಮೇಲೆ ಅಕ್ಕಪಕ್ಕ ಕೂತು ನೀರು ನೋಡುತ್ತಾರೆ. ಒಜುವಿನ ಪ್ರೇಮದೃಶ್ಯ ಎಂದರೆ ಹೀಗೆ. ಇಬ್ಬರು ಒಂದೇ ಕಡೆ ಮುಖ ಮಾಡಿ ಕೂತಿರುತ್ತಾರೆ, ಒಬ್ಬರ ಮುಖ ಒಬ್ಬರು ನೋಡುವುದಿಲ್ಲ. ಏಳುವಾಗ ಮುದುಕಿಗೆ ತಲೆ ಸುತ್ತು ಬಂದಂತಾಗುತ್ತದೆ. ಏನಿಲ್ಲ ಎನ್ನುತ್ತಾಳೆ.

ಅವರನ್ನು ಮನಸಾರೆ ಕಂಡವಳು ಒಬ್ಬಳೇ, ಯುದ್ಧದಲ್ಲಿ ತೀರಿಹೋದ ಮಗನ ಹೆಂಡತಿ ನೊರಿಕೊ. ರಕ್ತಸಂಬಂಧ ಇಲ್ಲದವಳು. ಒಂದೇ ಕೋಣೆಯ ಅವಳ ಮನೆಯಲ್ಲಿ ಮಾವನಿಗೆ ಕೊಡಲು ಸಾಕೆ ಮದ್ಯ ಇರುವುದಿಲ್ಲ. ಪಕ್ಕದ ಮನೆಗೆ ಹೋಗಿ ಸಾಕೆಯನ್ನೂ ಬಟ್ಟಲನ್ನೂ ಕಡ ತರುತ್ತಾಳೆ. ಗೋಡೆಯ ಬದಿಯಲ್ಲಿ ಗಂಡನ ಫೋಟೊ ಇದೆ. ಅವನು ಹೋಗಿ ಎಂಟು ವರ್ಷ. ಒಂದು ರಾತ್ರಿ ಅತ್ತೆ ಅವಳಲ್ಲಿ ಉಳಿಯುತ್ತಾಳೆ, ಸತ್ತ ಮಗನ ಹಾಸಿಗೆಯ ಮೇಲೆ ಮಲಗುತ್ತಾಳೆ. ಅವನ ಹಾಸಿಗೆಯಲ್ಲಿ ಮಲಗುವ ಭಾಗ್ಯ ಬಂತಲ್ಲ ಎಂದು ಅವಳಿಗೆ ಸಂತೋಷ. ನೀನು ಇನ್ನೊಂದು ಮದುವೆಯಾಗಮ್ಮ ಎಂದು ಸೊಸೆಗೆ ಹೇಳುವವಳೂ ಅವಳೇ. ನಾನು ಹೀಗೇ ಚೆನ್ನಾಗಿದ್ದೇನೆ ಎನ್ನುತ್ತಾಳೆ ನೊರಿಕೊ, ನಗುತ್ತಲೇ.

ಊರಿಗೆ ಮರಳಿದ ಕೆಲವೇ ದಿನಗಳಲ್ಲಿ ಅತ್ತೆ ತೀರಿಕೊಳ್ಳುತ್ತಾಳೆ. ಹೆಂಡತಿ ಸತ್ತ ಬೆಳಗ್ಗೆ ಮುದುಕ ಕಾಣುವುದಿಲ್ಲ. ನೊರಿಕೊ ಹುಡುಕಿಕೊಂಡು ಹೋದರೆ ದೇವಸ್ಥಾನದ ಅಂಗಳದಲ್ಲಿ ಕಲ್ಲಿನ ದೀಪದ ಬಳಿ ಒಬ್ಬನೇ ನಿಂತಿದ್ದಾನೆ. ಸೂರ್ಯೋದಯ ಚೆನ್ನಾಗಿತ್ತು, ಇವತ್ತೂ ಸೆಕೆ ಆಗುತ್ತದೆ ಎನ್ನುತ್ತಾನೆ. ಇಡೀ ಚಿತ್ರದಲ್ಲಿ ಹೆಂಡತಿಯ ಸಾವಿನ ಬಗ್ಗೆ ಅವನಾಡುವ ಮಾತುಗಳಲ್ಲಿ ನನ್ನ ಕರುಳು ಕಲಕಿದ್ದು ಇದೊಂದೇ, ಅದರಲ್ಲಿ ಅವಳ ಹೆಸರೂ ಇಲ್ಲ.

ಆಮೇಲೆ ಬರುವುದು ಈ ಚಿತ್ರದ ಹೃದಯ. ಟೋಕಿಯೊಗೆ ಹೊರಟ ಸೊಸೆಯನ್ನು ಮಾವ ಹೊಗಳುತ್ತಾನೆ. ನಾವು ಹೆತ್ತ ಮಕ್ಕಳಿಗಿಂತ ನೀನೇ ಹೆಚ್ಚು ನೋಡಿಕೊಂಡೆ ಎನ್ನುತ್ತಾನೆ. ಅದುವರೆಗೆ ಎಲ್ಲಕ್ಕೂ ನಕ್ಕ ನೊರಿಕೊಗೆ ಆ ಹೊಗಳಿಕೆ ತಡೆಯಲಾಗುವುದಿಲ್ಲ. ತಾನು ಅಷ್ಟು ಒಳ್ಳೆಯವಳಲ್ಲ ಎಂದು ಬಾಯಿಬಿಡುತ್ತಾಳೆ. ಗಂಡ ನೆನಪಾಗದೆಯೇ ಕಳೆದುಹೋಗುವ ದಿನಗಳಿವೆ. ಹೀಗೇ ಇದ್ದರೆ ಮುಂದೇನು ಎಂದು ರಾತ್ರಿ ಹೆದರಿಕೆಯಾಗುತ್ತದೆ. ಮನಸ್ಸಿನ ಮೂಲೆಯಲ್ಲಿ ಏನೋ ಒಂದು ಕಾಯುತ್ತಿರುತ್ತದೆ. ಮರೆಯದೆ ಇರುವುದು ಎಷ್ಟು ಕಷ್ಟವೋ ಮರೆತುಹೋಗುತ್ತಿದೆ ಎಂದು ತಿಳಿಯುವುದೂ ಅಷ್ಟೇ ಕಷ್ಟ ಎಂಬುದನ್ನು ಲಕ್ಷಾಂತರ ಯುದ್ಧವಿಧವೆಯರ ಪರವಾಗಿ ಅವಳು ಹೇಳುತ್ತಿದ್ದಾಳೆ. ಮಾವ ಬೈಯುವುದಿಲ್ಲ, ಸಮಾಧಾನವನ್ನೂ ಹೇಳುವುದಿಲ್ಲ. ನೀನು ಪ್ರಾಮಾಣಿಕಳು ಎನ್ನುತ್ತಾನೆ. ಮಗನನ್ನು ಮರೆತುಬಿಡು ಎಂದು ಆ ಮಗನ ಅಪ್ಪನೇ ಹೇಳುತ್ತಾನೆ. ಹೆಂಡತಿಯ ಜೇಬುಗಡಿಯಾರ ತಂದು ಅವಳಿಗೆ ಕೊಡುತ್ತಾನೆ. ಟೋಕಿಯೊ ರೈಲಿನಲ್ಲಿ ಅವಳು ಅದನ್ನು ಅಂಗೈಯಲ್ಲಿ ಹಿಡಿದು ಕೂತಿರುತ್ತಾಳೆ. ಸತ್ತವನಿಗೆ ಕಟ್ಟಿಕೊಂಡಿದ್ದ ಕಾಲವನ್ನು ಬಿಡಿಸಿ ಅವಳ ಕೈಗೇ ಕೊಟ್ಟಂತೆ.

ಒಜು ಮದುವೆಯಾಗಲಿಲ್ಲ. ತಾಯಿಯ ಜೊತೆ ಕಾಮಾಕುರಾದಲ್ಲಿ ಬಾಳಿದ. 1937ರಿಂದ 39ರವರೆಗೆ ಸೈನಿಕನಾಗಿ ಚೀನಾದಲ್ಲಿದ್ದ. ಅವನ ಗೆಳೆಯ, 28 ವರ್ಷದ ಪ್ರತಿಭಾವಂತ ನಿರ್ದೇಶಕ ಸದಾವೊ ಯಮನಾಕಾ, 1938ರಲ್ಲಿ ಅದೇ ಚೀನಾದಲ್ಲಿ ಸತ್ತ. ಯುದ್ಧ ಮುಗಿದಾಗ ಒಜು ಸಿಂಗಪುರದಲ್ಲಿದ್ದ, ಊರಿಗೆ ಮರಳಿದ್ದು 1946ರಲ್ಲಿ. ಅವನ ಚಿತ್ರಗಳಲ್ಲಿ ಗುಂಡಿನ ಸದ್ದು ಇಲ್ಲ. ಆದರೆ ಕುಡಿಯಲು ಕೂತ ಹಳೆಯ ಗೆಳೆಯರ ಮಾತು ಯಾವಾಗಲೂ ಹಿಂದಿರುಗದ ಮಕ್ಕಳ ಕಡೆಗೆ ಹೊರಳುತ್ತದೆ.

ಅಕಿರಾ ಕುರೊಸಾವಾನ ದಾರಿ ಬೇರೆ. ಅವನಿಗೆ ಒಂಟಿತನ ಗೆಲ್ಲಬೇಕಾದ ಶತ್ರು. 1947ರ ‘ಒನ್ ವಂಡರ್‌ಫುಲ್ ಸಂಡೆ’ಯಲ್ಲಿ ಬಡ ಪ್ರೇಮಿಗಳಿಬ್ಬರ ಕೈಯಲ್ಲಿ ಸೇರಿ 35 ಯೆನ್ ಇದೆ, ಹಾಳುಬಿದ್ದ ಟೋಕಿಯೊದಲ್ಲಿ ಒಂದು ಭಾನುವಾರ ಕಳೆಯಬೇಕು. ಕೊನೆಗೆ ಖಾಲಿ ಬಯಲು ರಂಗಮಂದಿರದಲ್ಲಿ ಹುಡುಗ ಇಲ್ಲದ ವಾದ್ಯವೃಂದವನ್ನು ನಡೆಸುತ್ತಾನೆ. ಹುಡುಗಿ ನಮ್ಮ ಕಡೆಗೇ ತಿರುಗಿ ಚಪ್ಪಾಳೆ ತಟ್ಟಿ ಎಂದು ಅಂಗಲಾಚುತ್ತಾಳೆ. 1952ರ ‘ಇಕಿರು’ವಿನಲ್ಲಿ ಹೊಟ್ಟೆಯ ಕ್ಯಾನ್ಸರ್ ಆದ ಸರ್ಕಾರಿ ಅಧಿಕಾರಿ ವತನಾಬೆಗೆ ಮಗ ಇದ್ದೂ ಇಲ್ಲ. ಹೆಂಡತಿಯ ಶವದ ಗಾಡಿಯ ಹಿಂದೆ ಹೋಗುತ್ತಿದ್ದಾಗ, ಬೇಗ ಹೋಗೋಣ, ಅಮ್ಮ ಹೋಗಿಬಿಡುತ್ತಾಳೆ ಎಂದ ಪುಟ್ಟ ಮಗ ಅವನ ನೆನಪಿನಲ್ಲಿ ಉಳಿದಿದ್ದಾನೆ. ಈಗಿನ ಮಗ ಮಹಡಿಯ ಮೇಲಿಂದ ಕೂಗಿದರೆ ಕೆಲಸದ ಮಾತು ಮಾತ್ರ. ತಕಾಶಿ ಶಿಮುರಾ ಆ ಮುದುಕನ ಕಣ್ಣುಗಳಲ್ಲಿ ಇಟ್ಟದ್ದನ್ನು ಮರೆಯಲಾಗದು. ಕುರೊಸಾವಾ ಅವನಿಗೊಂದು ಉದ್ಯಾನವನ ಕಟ್ಟಿಸುತ್ತಾನೆ, ಹಿಮದಲ್ಲಿ ಉಯ್ಯಾಲೆ ಕೊಡುತ್ತಾನೆ. ನನಗೆ ಆ ಚಿತ್ರದ ಮೇಲೆ ಅಪಾರ ಗೌರವ. ಆದರೆ ಎಲ್ಲರಿಗೂ ಉದ್ಯಾನವನ ಸಿಗುವುದಿಲ್ಲ. ಸಿಗದವರ ಕಥೆಗೆ ಮಿಕಿಯೊ ನರುಸೆಯ ಬಳಿಗೇ ಹೋಗಬೇಕು.

ನರುಸೆ 1905ರಲ್ಲಿ ಟೋಕಿಯೊದ ಬಡ ಕುಟುಂಬದಲ್ಲಿ ಹುಟ್ಟಿದವನು. ಮಿತಭಾಷಿ. ಅವನ ಹೆಸರಿನ ಅಕ್ಷರಗಳನ್ನು ಸ್ವಲ್ಪ ಬದಲಿಸಿ, ಸಂಕಟ ತೋಡಿಕೊಳ್ಳಲು ದಾರಿಯಿಲ್ಲದವನು ಎಂಬ ಅರ್ಥ ಬರುವಂತೆ ಅವನನ್ನು ಕರೆಯುತ್ತಿದ್ದರು. 1955ರ ಅವನ ‘ಫ್ಲೋಟಿಂಗ್ ಕ್ಲೌಡ್ಸ್’, ತೇಲುವ ಮೋಡಗಳು, ಫುಮಿಕೊ ಹಯಾಶಿಯ ಕಾದಂಬರಿಯಿಂದ ಬಂದದ್ದು. ಆ ಕಾದಂಬರಿ ಮುಗಿಸಿದ ಸ್ವಲ್ಪ ಕಾಲದಲ್ಲೇ, 1951ರಲ್ಲಿ, ಲೇಖಕಿ ತೀರಿಕೊಂಡಿದ್ದಳು. ಚಿತ್ರಕಥೆ ಬರೆದ ಯೊಕೊ ಮಿಜುಕಿ, ಗಾಜಿನ ಮುತ್ತಿನ ಚಿತ್ರಕಥೆಯನ್ನೂ ಬರೆದ ಇಬ್ಬರಲ್ಲಿ ಒಬ್ಬಳು. ಆ ಗಾಜಿನ ಆಚೆಗಿದ್ದವರು ಸಾಯದೆ ಬದುಕಿ ಉಳಿದಿದ್ದರೆ ಏನಾಗುತ್ತಿತ್ತು ಎಂಬುದನ್ನೇ ಅವಳು ಐದು ವರ್ಷ ಬಿಟ್ಟು ಬರೆದಳೇನೋ ಎಂದು ನನಗೆ ಅನ್ನಿಸುತ್ತದೆ.

ಯುದ್ಧಕಾಲದಲ್ಲಿ ಫ್ರೆಂಚ್ ಇಂಡೊಚೀನಾದ ದಲಾತ್‌ನಲ್ಲಿ ಅರಣ್ಯ ಇಲಾಖೆಯ ಕೆಲಸಕ್ಕೆ ಹೋದ ಯುಕಿಕೊ, ಅಲ್ಲಿನ ಅಧಿಕಾರಿ ತೊಮಿಯೊಕಾನನ್ನು ಪ್ರೀತಿಸಿದ್ದಾಳೆ. ಹಿಂದಿರುಗಿ ಬಂದು, ಹೆಂಡತಿಯನ್ನು ಬಿಟ್ಟು ನಿನ್ನನ್ನು ಕೂಡುತ್ತೇನೆ ಎಂದಿದ್ದನೆಂದು ಅವನ ಮನೆ ಬಾಗಿಲಿಗೆ ಹೋಗುತ್ತಾಳೆ. ಬಾಗಿಲು ತೆರೆಯುವುದು ಹೆಂಡತಿ. ಅಲ್ಲಿಂದ ಎರಡು ಗಂಟೆ ಇವರಿಬ್ಬರೂ ಕೂಡುವುದು, ಕಚ್ಚಾಡುವುದು, ಅಗಲುವುದು, ಮತ್ತೆ ಹುಡುಕಿಕೊಂಡು ಬರುವುದು. ಅವನು ಇನ್ನೊಬ್ಬಳನ್ನು ಕಟ್ಟಿಕೊಳ್ಳುತ್ತಾನೆ. ಅವಳು ಹೊಟ್ಟೆಪಾಡಿಗೆ ಅಮೆರಿಕನ್ ಸಿಪಾಯಿಯ ಜೊತೆ ಇರುತ್ತಾಳೆ. ತೊಮಿಯೊಕಾನ ಮಗುವನ್ನು ಹೊತ್ತು ತೆಗೆಸಿಕೊಳ್ಳುತ್ತಾಳೆ. ಇಬ್ಬರೂ ಜೊತೆಯಾಗಿ ನಡೆಯುತ್ತಲೇ ಇರುತ್ತಾರೆ, ಬೀದಿಯಲ್ಲಿ, ಗುಡ್ಡದ ದಾರಿಯಲ್ಲಿ, ನಿಲ್ದಾಣದ ಬಳಿ. ನಡೆದಷ್ಟು ಹೊತ್ತು ಮಾತ್ರ ಅವರು ಪ್ರೇಮಿಗಳು, ಎಲ್ಲಾದರೂ ಕೂತರೆ ಜಗಳ.

ಈ ಗಂಡಸಿನಲ್ಲಿ ಅವಳು ಕಂಡದ್ದೇನು ಎಂದು ನೋಡುಗರು ಕೇಳಿದ್ದಾರೆ, ನಾನೂ ಮೊದಲ ಸಲ ಸಿಟ್ಟಿನಿಂದ ಕೇಳಿದ್ದೆ. ಯುಕಿಕೊ ಆಗಿ ನಟಿಸಿದ ಹಿದೆಕೊ ತಕಾಮಿನೆಯ ಮುಖ ನೋಡಿದರೆ ಗೊತ್ತಾಗುತ್ತದೆ. ಅವಳು ಪ್ರೀತಿಸುತ್ತಿರುವುದು ದಲಾತ್‌ನ ಬಿಳಿ ಬಿಸಿಲಿನಲ್ಲಿ ನಿಂತಿದ್ದವನನ್ನು. ಅವನು ಯುದ್ಧದ ಜೊತೆ ಮುಗಿದುಹೋದ. ಇಲ್ಲಿ ಸತ್ತವನೂ ಬದುಕಿರುವವನೂ ಒಬ್ಬನೇ, ಅದೇ ಅವಳ ಸಂಕಟ. ಕೊನೆಗೆ ಕೆಲಸದ ನಿಮಿತ್ತ ಮಳೆ ನಿಲ್ಲದ ಯಾಕುಶಿಮಾ ದ್ವೀಪಕ್ಕೆ ಅವನು ಹೊರಟಾಗ ಕಾಯಿಲೆಯಲ್ಲೇ ಜೊತೆಗೆ ಹೊರಡುತ್ತಾಳೆ. ಅವನು ಕಾಡಿನೊಳಗೆ ಹೋದ ದಿನ ಮಳೆಯ ಸದ್ದಿನಲ್ಲಿ ಒಬ್ಬಳೇ ಸಾಯುತ್ತಾಳೆ. ಬಂದವನು ಉಳಿದವರನ್ನೆಲ್ಲ ಹೊರಗೆ ಕಳಿಸಿ, ದೀಪ ಹತ್ತಿರ ತಂದು, ಅವಳ ತುಟಿಗೆ ಲಿಪ್‌ಸ್ಟಿಕ್ ಹಚ್ಚುತ್ತಾನೆ. ನಟ ಮಸಾಯುಕಿ ಮೊರಿಯ ಕೈ ಮೆಲ್ಲಗೆ, ತೀರ ಜತನವಾಗಿ ಚಲಿಸುತ್ತದೆ. ಬದುಕಿದ್ದಾಗ ಒಮ್ಮೆಯೂ ತೋರದ ಜತನ. ಹಚ್ಚಿ ಮುಗಿಸಿ ಅವನು ಬಿಕ್ಕುತ್ತಾನೆ. ತನ್ನಿಂದ ಮಾಡಲಾಗದ ಚಿತ್ರಗಳಲ್ಲಿ ಇದೊಂದು ಎಂದು ಒಜು ಹೇಳಿದ್ದ.

ಒಂದು ಮಾತನ್ನು ಇಲ್ಲಿ ನುಂಗಿಕೊಳ್ಳಲಾರೆ. ಆ ಬಿಳಿ ಬಿಸಿಲಿನ ದಲಾತ್ ಜಪಾನ್ ಆಕ್ರಮಿಸಿದ್ದ ನೆಲ. ಅಲ್ಲಿನ ಜನರಿಗೆ ಆ ದಿನಗಳು ಸ್ವರ್ಗವಾಗಿರಲಿಲ್ಲ. ಅವರು ಈ ಚಿತ್ರದಲ್ಲಿ ಇದ್ದೂ ಇಲ್ಲದಂತಿದ್ದಾರೆ. ಚೀನಾದಲ್ಲಿ ಸತ್ತವರು ಒಜುವಿನ ಮನೆಗಳ ಹೊಸ್ತಿಲು ದಾಟುವುದಿಲ್ಲ. ತಮ್ಮ ಸತ್ತವರಿಗಾಗಿ ಇಷ್ಟು ಜಾಗ ಬಿಟ್ಟ ಈ ಚಿತ್ರಗಳಲ್ಲಿ ತಮ್ಮವರ ಕೈಯಲ್ಲಿ ಸತ್ತವರಿಗೆ ಜಾಗ ಇಲ್ಲ. ಆ ಕೊರತೆಯನ್ನು ಎದುರಿಸಿದವನು ಮಸಾಕಿ ಕೊಬಾಯಾಶಿ. ತಾನೇ ಸೈನಿಕನಾಗಿ ಮಂಚೂರಿಯಾ ಕಂಡು, ಸೆರೆ ಅನುಭವಿಸಿ ಬಂದವನು. 1959ರಿಂದ 61ರವರೆಗೆ ಮೂರು ಭಾಗಗಳಲ್ಲಿ ಬಂದ ಅವನ ‘ದಿ ಹ್ಯೂಮನ್ ಕಂಡಿಷನ್’ ಒಟ್ಟು ಒಂಬತ್ತು ಗಂಟೆಗೂ ಹೆಚ್ಚು. ಕಥಾನಾಯಕ ಕಾಜಿ ತಾನು ಮದುವೆಯಾದ ಮಿಚಿಕೊ ಜೊತೆ ಮಂಚೂರಿಯಾಕ್ಕೆ ಹೋಗುತ್ತಾನೆ, ಸೈನ್ಯಕ್ಕೆ ಸೇರುವುದರಿಂದ ತಪ್ಪಿಸಿಕೊಳ್ಳಲು. ಆದರೆ ಅಲ್ಲಿನ ಗಣಿಯಲ್ಲಿ ಚೀನೀ ಕೈದಿಗಳನ್ನು ದುಡಿಸುವ ಯಂತ್ರದ ಭಾಗವಾಗುತ್ತಾನೆ. ಪ್ರೀತಿಯನ್ನು ಕಾಪಾಡಿಕೊಳ್ಳಲು ಒಪ್ಪಿಕೊಂಡ ಕೆಲಸವೇ ಅವನ ಕೈಗೆ ಮಸಿ ಬಳಿಯುತ್ತದೆ. ಕೊನೆಗೆ ಸೋತ ಸೈನಿಕನಾಗಿ, ಸೋವಿಯತ್ ಸೆರೆಯಿಂದ ತಪ್ಪಿಸಿಕೊಂಡು, ಹೆಂಡತಿ ಇದ್ದಾಳೆಂದು ನಂಬಿದ ದಿಕ್ಕಿಗೆ ಹಿಮದಲ್ಲಿ ನಡೆಯುತ್ತಾನೆ. ಅವಳಿಗೆಂದು ತಿನಿಸಿನ ಒಂದು ಉಂಡೆ ಅವನ ಬಳಿ ಇದೆ. ದಾರಿಯುದ್ದಕ್ಕೂ ಅವಳೊಡನೆ ಮಾತಾಡುತ್ತಾನೆ, ಬೀಳುತ್ತಾನೆ, ಹಿಮ ಮುಚ್ಚುತ್ತದೆ.

1958ರಲ್ಲಿ ಜಪಾನಿನ ಚಿತ್ರಮಂದಿರಗಳಲ್ಲಿ 112 ಕೋಟಿಗೂ ಹೆಚ್ಚು ಟಿಕೆಟ್ ಮಾರಾಟವಾದವು. ಆಗಿನ ಜನಸಂಖ್ಯೆ ಲೆಕ್ಕ ಹಾಕಿದರೆ ಹಸುಗೂಸೂ ಸೇರಿ ತಲೆಗೆ ವರ್ಷಕ್ಕೆ ಹನ್ನೆರಡು ಸಿನಿಮಾ. ಆಮೇಲೆ ಟಿ.ವಿ. ಬಂತು, ಐದೇ ವರ್ಷದಲ್ಲಿ ಆ ಸಂಖ್ಯೆ ಅರ್ಧಕ್ಕೂ ಕೆಳಗಿಳಿಯಿತು. ದೇಶ ಮೇಲೆದ್ದಿತ್ತು. ಗಿಂಜಾ ಬೀದಿಯಲ್ಲಿ ದೀಪಗಳು ಝಗಮಗಿಸುತ್ತಿದ್ದವು. 1960ರ ‘ವೆನ್ ಎ ವುಮನ್ ಅಸೆಂಡ್ಸ್ ದಿ ಸ್ಟೇರ್ಸ್’ನಲ್ಲಿ ನರುಸೆ ಆ ಬೀದಿಯ ಬಾರ್ ಒಂದರ ಮೆಟ್ಟಿಲ ಬುಡದಲ್ಲಿ ತಕಾಮಿನೆಯನ್ನು ನಿಲ್ಲಿಸುತ್ತಾನೆ. ಕೇಕೊ ವಿಧವೆ. ಬೇರೆ ಯಾರನ್ನೂ ಪ್ರೀತಿಸುವುದಿಲ್ಲ ಎಂದು ಕಾಗದ ಬರೆದು ಗಂಡನ ಅಸ್ಥಿಯ ಜೊತೆ ಇಟ್ಟವಳು. ಪ್ರತಿ ಸಂಜೆ ಆ ಮೆಟ್ಟಿಲು ಹತ್ತಲು ಅವಳಿಗೆ ಮನಸ್ಸಿಲ್ಲ. ಪ್ರತಿ ಸಂಜೆಯೂ ಹತ್ತುತ್ತಾಳೆ, ಬಾಗಿಲು ತೆರೆಯುವಾಗ ಮುಖದ ಮೇಲೆ ನಗು ತಂದುಕೊಳ್ಳುತ್ತಾಳೆ. ಅವಳನ್ನು ಬಯಸುವ ಗಂಡಸರು ಬಹಳ. ಮದುವೆಯಾಗುತ್ತೇನೆ ಎಂದು ಬಂದ ಒಬ್ಬ ಸಾಧು ಮನುಷ್ಯ ಹೆಂಡತಿ ಇರುವವನೆಂದು ತಿಳಿಯುವ ದೃಶ್ಯದಲ್ಲಿ ನರುಸೆ ಯಾರ ಮೇಲೂ ರೇಗುವುದಿಲ್ಲ. ನೋಡುವ ನಮಗೆ ರೇಗುತ್ತದೆ.

ಅದೇ 1960ರಲ್ಲಿ ಒಜು ‘ಲೇಟ್ ಆಟಮ್’ ಮಾಡಿದ. ‘ಲೇಟ್ ಸ್ಪ್ರಿಂಗ್’ ಕಥೆಯೇ, ಆದರೆ ಈ ಸಲ ಮನೆ ಬಿಟ್ಟು ಹೋಗುವ ಮಗಳಿಗೆ ತಾಯಿ. ಹನ್ನೊಂದು ವರ್ಷದ ಹಿಂದೆ ಮಗಳಾಗಿದ್ದ ಸೆತ್ಸುಕೊ ಹಾರಾ ಈಗ ಆ ತಾಯಿ. ಕೊನೆಯಲ್ಲಿ ಅಪಾರ್ಟ್‌ಮೆಂಟಿನಲ್ಲಿ ಒಬ್ಬಳೇ ಕೂತು ಅವಳು ನಗುವ ರೀತಿ, ಸೇಬು ಬಿಡಿಸಿದ ಆ ಅಪ್ಪನಿಗೆ ಮಗಳು ಇಷ್ಟು ತಡವಾಗಿ ಕೊಟ್ಟ ಉತ್ತರದಂತಿದೆ. ಒಜು 1963ರ ಡಿಸೆಂಬರ್ 12ರಂದು, ಅರುವತ್ತು ತುಂಬಿದ ಹುಟ್ಟುಹಬ್ಬದ ದಿನವೇ, ತೀರಿಕೊಂಡ. ಹಾರಾ ಸಿನಿಮಾ ಬಿಟ್ಟು ಕಾಮಾಕುರಾದಲ್ಲಿ ಬಾಗಿಲು ಹಾಕಿಕೊಂಡಳು. ಮದುವೆಯಾಗಲಿಲ್ಲ, ಸಂದರ್ಶನ ಕೊಡಲಿಲ್ಲ. 2015ರ ಸೆಪ್ಟೆಂಬರ್‌ನಲ್ಲಿ 95ನೆಯ ವಯಸ್ಸಿನಲ್ಲಿ ಅವಳು ಹೋದದ್ದು ಜಗತ್ತಿಗೆ ತಿಳಿದದ್ದು ನವೆಂಬರ್‌ನಲ್ಲಿ. ಅವಳ ಏಕಾಂತಕ್ಕೆ ಕಾರಣ ಹುಡುಕುತ್ತ ಎಷ್ಟೋ ಮಂದಿ ಕಥೆ ಕಟ್ಟಿದರು. ಆ ಬಾಗಿಲು ಬಡಿಯಲು ನಮಗೆ ಅಧಿಕಾರವಿಲ್ಲ.

ಇಷ್ಟರಲ್ಲಿ ನನಗೆ ಎಲ್ಲಕ್ಕಿಂತ ಹತ್ತಿರದ್ದು 1964ರ ‘ಮಿದಾರೆರು’. ಮತ್ತೆ ನರುಸೆ, ಮತ್ತೆ ತಕಾಮಿನೆ. ಚಿತ್ರಕಥೆ ಅವಳ ಗಂಡ ಜೆಂಜೊ ಮತ್ಸುಯಾಮಾನದು. ಶಿಮಿಜು ಎಂಬ ಊರಿನ ದಿನಸಿ ಅಂಗಡಿ. ಗಂಡ ಯುದ್ಧದಲ್ಲಿ ಸತ್ತ ಮೇಲೆ ಸುಟ್ಟುಹೋದ ಅಂಗಡಿಯನ್ನು ರೇಕೊ ಹದಿನೆಂಟು ವರ್ಷ ದುಡಿದು ನಿಲ್ಲಿಸಿದ್ದಾಳೆ. ಸಂಸಾರ ಮಾಡಿದ್ದು ಕೆಲವು ತಿಂಗಳು ಮಾತ್ರ. ಈಗ ಊರಿಗೆ ಸೂಪರ್‌ ಮಾರ್ಕೆಟ್ ಬಂದು ಮೊಟ್ಟೆಯನ್ನು ಅಗ್ಗಕ್ಕೆ ಮಾರುತ್ತಿದೆ, ಸಣ್ಣ ಅಂಗಡಿಗಳಿಗೆ ಕುತ್ತು. ನಾದಿನಿಯರಿಗೆ ಅತ್ತಿಗೆಯನ್ನು ಹೇಗಾದರೂ ಸಾಗಹಾಕುವ ಯೋಚನೆ. ಕೆಲಸ ಬಿಟ್ಟು ಬಂದು ಉಂಡಾಡಿಯಂತೆ ತಿರುಗುವ 25 ವರ್ಷದ ಮೈದುನ ಕೊಜಿ ಒಂದು ರಾತ್ರಿ ಬಾಯಿಬಿಡುತ್ತಾನೆ. ತಾನು ಇಲ್ಲಿ ಬಿದ್ದುಕೊಂಡಿರುವುದು ನಿಮಗಾಗಿ ಅತ್ತಿಗೆ.

ಅವಳಿಗೆ ಭೂಮಿ ಬಾಯಿಬಿಟ್ಟಂತೆ. ಹದಿನೆಂಟು ವರ್ಷ ಯಾರೂ ಅವಳನ್ನು ಹೆಣ್ಣೆಂದು ನೋಡಿರಲಿಲ್ಲ, ಅವಳೂ ನೋಡಿಕೊಂಡಿರಲಿಲ್ಲ. ಗಂಡನ ಫೋಟೊದ ಮುಂದೆ ಕೂರುತ್ತಾಳೆ. ಕೊನೆಗೆ ತವರಿಗೆ, ಉತ್ತರದ ಶಿಂಜೊಗೆ, ಹೊರಟುಬಿಡುತ್ತಾಳೆ. ರೈಲು ಹೊರಟ ಮೇಲೆ ನೋಡಿದರೆ ಕೊಜಿ ಅದೇ ಬೋಗಿಯಲ್ಲಿ ನಿಂತಿದ್ದಾನೆ. ಮೊದಲು ಜನಜಂಗುಳಿಯ ಆಚೆ, ದೂರದಲ್ಲಿ. ಒಂದೊಂದು ನಿಲ್ದಾಣ ದಾಟಿ ಜನ ಇಳಿದಂತೆ ಅವನು ಒಂದೊಂದು ಸೀಟು ಹತ್ತಿರ ಬರುತ್ತಾನೆ. ಅವಳು ನಗು ತಡೆದುಕೊಳ್ಳುತ್ತಾಳೆ, ತಡೆಯಲಾಗುವುದಿಲ್ಲ. ಕೊನೆಗೆ ಎದುರಿನ ಸೀಟಿನಲ್ಲಿ ಕೂತವನು ನಿದ್ದೆ ಹೋಗಿದ್ದಾನೆ. ಅವನ ಮುಖ ನೋಡುತ್ತ ನೋಡುತ್ತ ಅವಳಿಗೆ ಅಳು ಬರುತ್ತದೆ. ಮುಂದಿನ ನಿಲ್ದಾಣದಲ್ಲಿ ಇಳಿಯೋಣ ಎನ್ನುತ್ತಾಳೆ. ತೆರೆಯ ಮೇಲಿನ ಪ್ರೇಮದಲ್ಲಿ ಆ ರೈಲು ಪ್ರಯಾಣವನ್ನು ಮೀರಿದ್ದನ್ನು ನಾನು ಕಂಡಿಲ್ಲ.

ಇಳಿದು ಗಿಂಜಾನ್ ಎಂಬ ಬಿಸಿನೀರಿನ ಊರಿಗೆ ಹೋಗುತ್ತಾರೆ. ಅವಳು ಕಾಗದವನ್ನು ಹೊಸೆದು ದಾರ ಮಾಡಿ ಅವನ ಬೆರಳಿಗೆ ಕಟ್ಟುತ್ತಾಳೆ, ನಾಳೆಯವರೆಗೆ ಬಿಚ್ಚಬೇಡ ಎನ್ನುತ್ತಾಳೆ. ಆದರೆ ಅವನು ಅಪ್ಪಿಕೊಂಡಾಗ ಅವಳ ಮೈ ಮೊದಲು ಸಡಿಲವಾಗಿ, ಮರುಗಳಿಗೆ ಬಿಗಿಯಾಗುತ್ತದೆ. ಆಗುವುದಿಲ್ಲ ಎನ್ನುತ್ತಾಳೆ. ಅವನು ಕುಡಿಯಲು ಹೋಗುತ್ತಾನೆ. ರಾತ್ರಿ ಹಿಂದಿರುಗುವುದಿಲ್ಲ.

ಬೆಳಗ್ಗೆ ಛತ್ರದ ಕಿಟಕಿಯಿಂದ ಅವಳು ಕೆಳಗೆ ನೋಡುತ್ತಾಳೆ. ನದಿಯ ಬದಿಯಲ್ಲಿ ನಾಲ್ಕಾರು ಜನ ಯಾರನ್ನೋ ಹೊತ್ತುಕೊಂಡು ಹೋಗುತ್ತಿದ್ದಾರೆ, ಮೇಲೆ ಚಾಪೆ ಹೊದಿಸಿದೆ. ಕುಡಿದು ಬಿದ್ದವನಂತೆ. ಚಾಪೆಯ ಹೊರಗೆ ಒಂದು ಕೈ ಜೋತುಬಿದ್ದಿದೆ. ಬೆರಳಿನಲ್ಲಿ ಕಾಗದದ ದಾರ.

ಅವಳು ಓಡುತ್ತಾಳೆ. ಹೊತ್ತವರು ಮುಂದೆ ಮುಂದೆ ಹೋಗುತ್ತಾರೆ. ಹಿಂದೆ ಬಿದ್ದ ಅವಳು ಒಂದು ಕಡೆ ನಿಂತುಬಿಡುತ್ತಾಳೆ. ಕೂದಲು ಕೆದರಿದೆ, ಬಾಯಿ ಅರೆ ತೆರೆದಿದೆ. ತಕಾಮಿನೆಯ ಮುಖ ತೆರೆಯನ್ನು ತುಂಬುತ್ತದೆ. ಅದು ಅಳುವುದಕ್ಕೆ ಮುಂಚೆಯೇ ಚಿತ್ರ ಮುಗಿಯುತ್ತದೆ.